‘ನಂಗೆ ನೀವೇನು ಕೊಟ್ಟಿದ್ದೀರಿ?’

ಈ ತಿಂಗಳು ಬಂದ ಪತ್ರಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಒಂದೇ ವಿಷಯದವು. ವಯಸ್ಸಾದ ಅಪ್ಪ ಅಮ್ಮನ ಖರ್ಚು ಯಾರು ನೋಡಬೇಕು, ಎಷ್ಟು ಕೊಡಬೇಕು, ಕೊಡದಿದ್ದರೆ ಏನು ಮಾಡಬೇಕು. ಅದಕ್ಕೇ ಜಮೀನು, ಸಾಲದ ಪ್ರಶ್ನೆಗಳನ್ನೆಲ್ಲ ಮುಂದಿನ ಸಂಚಿಕೆಗೆ ಇಟ್ಟು, ಈ ಸಲ ಇವನ್ನೇ ತೆಗೆದುಕೊಂಡಿದ್ದೇನೆ. ಯಾರ ಹೆಸರೂ ಹಾಕಿಲ್ಲ. ತಾಲೂಕು ಮಾತ್ರ ಹಾಕಿದ್ದೇನೆ.

ಶಿರಸಿಯಲ್ಲಿ ವಕೀಲಿ ಶುರುಮಾಡಿ 28 ವರ್ಷವಾಯಿತು. ಇಷ್ಟು ವರ್ಷದಲ್ಲಿ ಇಂಥ ಜಗಳಗಳಲ್ಲಿ ನಾನು ಎಲ್ಲಕ್ಕಿಂತ ಜಾಸ್ತಿ ಕೇಳಿದ ಮಾತು ‘ನಂಗೆ ಅವರೇನು ಕೊಟ್ಟಿದ್ದಾರೆ?’ ಎಂಬುದು. ತೋಟ ಅಣ್ಣನಿಗೆ ಹೋಯಿತು, ಬಂಗಾರ ತಂಗಿಗೆ ಹೋಯಿತು, ನಾನ್ಯಾಕೆ ನೋಡಲಿ ಎಂದು ಓದಿಕೊಂಡವರೂ ಕೇಳುತ್ತಾರೆ. ಕಾನೂನು ಮಕ್ಕಳನ್ನು ಈ ಪ್ರಶ್ನೆ ಕೇಳುವುದೇ ಇಲ್ಲ. ಏನೂ ಕೊಡದ ಅಪ್ಪ ಅಮ್ಮನನ್ನೂ ಮಕ್ಕಳು ನೋಡಿಕೊಳ್ಳಲೇಬೇಕು. ಕೆಳಗಿನ ಪತ್ರಗಳನ್ನು ಓದುವಾಗ ಇದೊಂದನ್ನು ನೆನಪಿಡಿ.

ಸಿದ್ದಾಪುರ ತಾಲೂಕಿನಿಂದ ಒಬ್ಬರು ತಾಯಿ: ‘ವಕೀಲ ತಂಗಿಗೆ ನಮಸ್ಕಾರ. ನನಗೆ 71 ವರ್ಷ. ಯಜಮಾನರು ತೀರಿಕೊಂಡು ಎಂಟು ವರ್ಷವಾಯಿತು. ಒಂದು ಎಕರೆ ಹತ್ತು ಗುಂಟೆ ಅಡಿಕೆ ತೋಟ ಮತ್ತು ಮನೆ ನನ್ನ ಹೆಸರಿಗೆ ಇತ್ತು. 2019ರಲ್ಲಿ ಮಗನಿಗೆ ಬಕ್ಷೀಸು ಪತ್ರ (ದಾನಪತ್ರ) ಮಾಡಿಕೊಟ್ಟೆ. ಸಾಲ ತೆಗೆಯಲು ಹೆಸರಿಗೆ ಬೇಕು ಅಂದಿದ್ದ. ಅವನು ಬೆಂಗಳೂರಲ್ಲಿದ್ದಾನೆ. ಎರಡು ವರ್ಷ ತಿಂಗಳಿಗೆ 5,000 ಕಳಿಸಿದ. ಆಮೇಲೆ ನಿಂತುಹೋಯಿತು. ಫಸಲು ಗುತ್ತಿಗೆಗೆ ಕೊಟ್ಟಿದ್ದಾನೆ, ದುಡ್ಡು ಅವನ ಖಾತೆಗೆ ಹೋಗುತ್ತದೆ. ಫೋನು ಮಾಡಿ ಕೇಳಿದರೆ “ನಿಂಗೆ ಗೃಹಲಕ್ಷ್ಮಿ ದುಡ್ಡು ಬತ್ತಲ” ಎನ್ನುತ್ತಾನೆ. ನನ್ನ ಮಾತ್ರೆಗೇ 1,600 ಬೇಕು. ಮಗಳು ಶಿರಸಿಯಲ್ಲಿ ಹೊಲಿಗೆ ಮಾಡುತ್ತಾಳೆ, ಆದಷ್ಟು ಕೊಡುತ್ತಾಳೆ. ಈಗ ತೋಟ ಮಾರುವ ಸುದ್ದಿ ಇದೆ. ಸಾಗರದ ಕಡೆಯವರು ಯಾರೋ ಬಂದು ನೋಡಿಕೊಂಡು ಹೋದರು. ಕೇಸು ಹಾಕಿದರೆ ಮಗನನ್ನು ಜೈಲಿಗೆ ಹಾಕಿಬಿಡುತ್ತಾರಾ? ತೋಟ ವಾಪಸ್ಸು ಬರುತ್ತದಾ? ಊರವರು ಏನಂದಾರು? ಬಕ್ಷೀಸು ಪತ್ರದ ಝೆರಾಕ್ಸ್ ಇಟ್ಟಿದ್ದೇನೆ. ನಾನು ಅದನ್ನು ಓದಿಲ್ಲ. ಅವತ್ತು ಕನ್ನಡಕ ಮರೆತು ಹೋಗಿದ್ದೆ.’

ಆಯಿ, ನಿಮ್ಮ ಪತ್ರಕ್ಕಿಂತ ಮೊದಲು ನಾನು ಆ ಝೆರಾಕ್ಸನ್ನೇ ಓದಿದೆ. ಮೂರನೇ ಪುಟದ ಕೆಳಗೆ, ಚೆಕ್ಕುಬಂದಿ ಶುರುವಾಗುವ ಮುಂಚೆ, ಒಂದು ಸಾಲು ಇದೆ. ‘ಬರೆದುಕೊಟ್ಟವರನ್ನು ಅವರ ಜೀವಮಾನ ಪರ್ಯಂತ ಬರೆಸಿಕೊಂಡವರು ಪಾಲನೆ ಪೋಷಣೆ ಮಾಡತಕ್ಕದ್ದು.’ ಪತ್ರ ಬರೆದ ಬಾಂಡ್ ರೈಟರ್ ಯಾರೋ ಗೊತ್ತಿಲ್ಲ, ಅವರಿಗೆ ಪುಣ್ಯ ಬರಲಿ. ಆರು ವರ್ಷಕ್ಕೂ ಮೇಲೆ ನಿಮ್ಮ ಕಪಾಟಿನಲ್ಲೇ ಇದ್ದ ಈ ಒಂದು ಸಾಲಿನ ಮೇಲೆ ನಿಮ್ಮ ತೋಟ ನಿಂತಿದೆ.

ಯಾಕೆ ಅಂತ ಹೇಳುತ್ತೇನೆ. ತಂದೆ ತಾಯಿ ಮತ್ತು ಹಿರಿಯ ನಾಗರಿಕರ ಪೋಷಣೆಗೆಂದು 2007ರಲ್ಲಿ ಕೇಂದ್ರ ಸರ್ಕಾರ ಒಂದು ಕಾಯ್ದೆ ಮಾಡಿತು. ಅದರ 23ನೇ ಕಲಮು ಇಂಥ ಪತ್ರಗಳ ಬಗ್ಗೆಯೇ ಇದೆ. ನೋಡಿಕೊಳ್ಳಬೇಕು ಎಂಬ ಷರತ್ತಿನ ಮೇಲೆ ಆಸ್ತಿ ಬರೆದುಕೊಟ್ಟು, ತೆಗೆದುಕೊಂಡವರು ನೋಡಿಕೊಳ್ಳದೇ ಇದ್ದರೆ, ಆ ಪತ್ರವನ್ನು ಮೋಸದಿಂದಲೋ ಒತ್ತಾಯದಿಂದಲೋ ಮಾಡಿಸಿಕೊಂಡದ್ದು ಎಂದೇ ಕಾನೂನು ತಿಳಿಯುತ್ತದೆ. ಬರೆದುಕೊಟ್ಟವರು ಕೇಳಿದರೆ ಅದನ್ನು ರದ್ದು ಮಾಡಬಹುದು. ಷರತ್ತು ಇರಲೇಬೇಕು ಎಂದು ಸುಪ್ರೀಂ ಕೋರ್ಟು 2022ರ ಡಿಸೆಂಬರಿನಲ್ಲಿ ಹೇಳಿತು. ‘ಪ್ರೀತಿ ವಿಶ್ವಾಸದಿಂದ ಕೊಟ್ಟಿದ್ದೇನೆ’ ಎಂದಷ್ಟೇ ಬರೆದ ಪತ್ರಗಳು ಅಲ್ಲಿ ಸೋಲುತ್ತವೆ. ನನ್ನ ಕೈಯಲ್ಲೇ ಅಂಥ ಎರಡು ಸೋತಿವೆ, ಆ ಎರಡು ಮನೆಯ ಹಿರಿಯರ ಮುಖ ಇನ್ನೂ ಕಣ್ಣಮುಂದಿದೆ. ಆದರೆ 2025ರ ಜನವರಿ 2ರಂದು ಅದೇ ಸುಪ್ರೀಂ ಕೋರ್ಟು ಮಧ್ಯಪ್ರದೇಶದ ಒಬ್ಬರು ತಾಯಿಯ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. ಅವರೂ ನಿಮ್ಮ ಹಾಗೆ 2019ರಲ್ಲೇ ಮಗನಿಗೆ ದಾನಪತ್ರ ಮಾಡಿಕೊಟ್ಟವರು. ಅವರ ಪತ್ರದಲ್ಲೂ ನೋಡಿಕೊಳ್ಳುವ ಮಾತು ಇತ್ತು. ಮಗ ನೋಡಿಕೊಳ್ಳಲಿಲ್ಲ. ಕೋರ್ಟು ದಾನಪತ್ರ ರದ್ದು ಮಾಡಿ, ಆಸ್ತಿಯನ್ನು ತಾಯಿಯ ವಶಕ್ಕೆ ಕೊಡಿಸಿತು. ಈ ಕಾಯ್ದೆ ಹಿರಿಯರ ಒಳಿತಿಗೆ ಮಾಡಿದ್ದು, ಅದನ್ನು ಹಾಗೆಯೇ ಓದಬೇಕು ಎಂದೂ ಹೇಳಿತು.

ನೀವು ಹೋಗಬೇಕಾದ್ದು ಶಿರಸಿಯ ಎ.ಸಿ. (ಉಪವಿಭಾಗಾಧಿಕಾರಿ) ಆಫೀಸಿಗೆ. ಸಿದ್ದಾಪುರ ಶಿರಸಿ ಉಪವಿಭಾಗಕ್ಕೇ ಬರುತ್ತದೆ. ಎ.ಸಿ. ಸಾಹೇಬರೇ ಈ ಕಾಯ್ದೆಯ ನ್ಯಾಯಮಂಡಳಿ. ಮಗ ಬೆಂಗಳೂರಲ್ಲಿದ್ದಾನೆ ಎಂದು ನೀವು ಬೆಂಗಳೂರಿಗೆ ಹೋಗಬೇಕಿಲ್ಲ. ನೀವು ಇರುವ ಜಾಗದಲ್ಲೇ ಅರ್ಜಿ ಹಾಕಬಹುದು, ಅವನೇ ಇಲ್ಲಿಗೆ ಬರಬೇಕು. ಸಿದ್ದಾಪುರದಿಂದ ಶಿರಸಿಗೆ ಬಸ್ಸಿಗೆ ದುಡ್ಡೂ ಬೇಡ, ಆಧಾರ್ ಕಾರ್ಡು ತೋರಿಸಿದರೆ ಸಾಕು. ವಕೀಲರೂ ಬೇಕಿಲ್ಲ. ನೀವೇ ನಿಂತು ಹೇಳಬಹುದು. ಅಷ್ಟು ದೂರ ಓಡಾಡಲು ಆಗದಿದ್ದರೆ ಮಗಳಿಗೆ ಅಧಿಕಾರ ಬರೆದುಕೊಡಿ, ಅವಳು ನಿಮ್ಮ ಪರವಾಗಿ ಅರ್ಜಿ ಹಾಕಲಿ. ಬರೆಯಲು ಸಹಾಯ ಬೇಕಾದರೆ ಸಿದ್ದಾಪುರ ಕೋರ್ಟಿನಲ್ಲಿ ಕಾನೂನು ಸೇವಾ ಸಮಿತಿ ಇದೆ. ಹೆಂಗಸರಿಗೆ ಅಲ್ಲಿ ಆದಾಯ ಎಷ್ಟೇ ಇದ್ದರೂ ಸಹಾಯ ಪುಕ್ಕಟೆ. 14567 ಎಂಬ ಹಿರಿಯರ ಸಹಾಯವಾಣಿಯೂ ಇದೆ, ಅದಕ್ಕೂ ದುಡ್ಡು ಇಲ್ಲ.

ಒಂದೇ ಅರ್ಜಿಯಲ್ಲಿ ಮೂರು ಮಾತು ಕೇಳಿ. ತಿಂಗಳ ಜೀವನಾಂಶ ಬೇಕು. ತೀರ್ಮಾನ ಆಗುವವರೆಗೆ ಮಧ್ಯಂತರವಾಗಿ ಇಷ್ಟು ಬೇಕು. ಬಕ್ಷೀಸು ಪತ್ರ ರದ್ದಾಗಬೇಕು. ಮಧ್ಯಂತರ ಕೇಳುವುದನ್ನು ಮಾತ್ರ ಮರೆಯಬೇಡಿ. ನೋಟಿಸು ತಲುಪಿದ ಮೇಲೆ 90 ದಿನದಲ್ಲಿ ಜೀವನಾಂಶದ ಅರ್ಜಿ ಮುಗಿಸಬೇಕು, ತೀರಾ ಬೇಕಾದರೆ ಇನ್ನೂ 30 ದಿನ ಎಂದು ಕಾಯ್ದೆ ಹೇಳುತ್ತದೆ. ಆದರೆ ಕೆಲವು ಸಲ ಅದಕ್ಕಿಂತ ಜಾಸ್ತಿ ಹಿಡಿದದ್ದನ್ನು ನಾನೇ ನೋಡಿದ್ದೇನೆ. ಅಷ್ಟು ದಿನ ಮಾತ್ರೆ ಇಲ್ಲದೆ ಇರಲು ಆಗುತ್ತದಾ?

ತೋಟ ಮಾರುವ ಸುದ್ದಿ ಕೇಳಿ ನನಗೆ ಗಾಬರಿಯಾಯಿತು. ಇದಕ್ಕೇ ತಡ ಮಾಡಬೇಡಿ ಎನ್ನುವುದು. ಬೇರೆಯವರು ಪೂರ್ತಿ ದುಡ್ಡು ಕೊಟ್ಟು, ನಿಮ್ಮ ಹಕ್ಕಿನ ವಿಷಯ ಗೊತ್ತಿಲ್ಲದೇ ಕೊಂಡುಬಿಟ್ಟರೆ ಅವರ ಮೇಲೆ ನಿಮ್ಮ ಹಕ್ಕು ನಡೆಯುವುದಿಲ್ಲ. ಗೊತ್ತಿದ್ದೂ ಕೊಂಡರೆ ನಡೆಯುತ್ತದೆ. ಹಾಗಾಗಿ ಸಾಗರದವರ ವಿಳಾಸ ಸಿಕ್ಕರೆ ಅವರಿಗೆ ಇವತ್ತೇ ಸ್ಪೀಡ್ ಪೋಸ್ಟಿನಲ್ಲಿ ಒಂದು ಪತ್ರ ಹಾಕಿ. ಈ ತೋಟದ ಮೇಲೆ ನನ್ನ ಪೋಷಣೆಯ ಷರತ್ತು ಇದೆ, ಅರ್ಜಿ ಹಾಕುತ್ತಿದ್ದೇನೆ ಎಂದು ನಾಲ್ಕು ಸಾಲು ಸಾಕು. ಅಂಚೆಯ ರಸೀದಿ ಇಟ್ಟುಕೊಳ್ಳಿ. ಮಾರಾಟಕ್ಕೆ ತಡೆ ಕೊಡಿ ಎಂದು ಎ.ಸಿ. ಮುಂದೆಯೂ ಕೇಳಿ.

ಜೈಲಿನ ಬಗ್ಗೆ ಕೇಳಿದ್ದೀರಿ. ಪತ್ರದಲ್ಲಿ ಆ ಮಾತನ್ನು ಒಮ್ಮೆ ಬರೆದು, ಹೊಡೆದು, ಮತ್ತೆ ಬರೆದಿದ್ದೀರಿ. ನಿಮ್ಮ ಹೆದರಿಕೆ ನನಗೆ ಅರ್ಥವಾಗುತ್ತದೆ. ಅರ್ಜಿ ಹಾಕಿದ್ದಕ್ಕೆ ಯಾರೂ ಜೈಲಿಗೆ ಹೋಗುವುದಿಲ್ಲ. ಮೊದಲು ಇಬ್ಬರನ್ನೂ ಕೂರಿಸಿ ರಾಜಿ ಮಾಡಿಸಲು ನೋಡುತ್ತಾರೆ. ಅದಕ್ಕೆಂದೇ ರಾಜಿ ಅಧಿಕಾರಿಯ ಹತ್ತಿರ ಕಳಿಸಬಹುದು, ಅವರು ಒಂದು ತಿಂಗಳಲ್ಲಿ ವರದಿ ಕೊಡಬೇಕು. ನಾನು ಕಂಡಂತೆ ತುಂಬಾ ಮನೆಗಳ ವಿಷಯ ಇಲ್ಲೇ ಮುಗಿಯುತ್ತದೆ. ಆದೇಶವಾದರೆ 30 ದಿನದಲ್ಲಿ ದುಡ್ಡು ಕಟ್ಟಬೇಕು. ಸರಿಯಾದ ಕಾರಣವಿಲ್ಲದೆ ಕಟ್ಟದೇ ಹೋದರೆ ವಾರಂಟು ಬರುತ್ತದೆ. ಅದಾದ ಮೇಲೂ ಕೊಡದಿದ್ದರೆ ಮಾತ್ರ ಒಂದು ತಿಂಗಳವರೆಗಿನ ಜೈಲು, ಅದೂ ನಡುವೆ ಕೊಟ್ಟುಬಿಟ್ಟರೆ ಅಲ್ಲಿಗೆ ಮುಗಿಯಿತು. ಇಲ್ಲೊಂದು ಎಚ್ಚರ ಬೇಕು. ದುಡ್ಡು ಬಾರದೆ ಹೋದರೆ, ಬರಬೇಕಿದ್ದ ದಿನದಿಂದ ಮೂರು ತಿಂಗಳೊಳಗೆ ನೀವು ಮತ್ತೆ ಅರ್ಜಿ ಕೊಡಬೇಕು. ಇವತ್ತು ಕೊಡುತ್ತಾನೆ, ನಾಳೆ ಕೊಡುತ್ತಾನೆ ಎಂದು ಕಾಯುತ್ತಾ ಕೂತರೆ ಆ ತಿಂಗಳ ದುಡ್ಡಿಗೆ ವಾರಂಟು ಹೊರಡುವುದಿಲ್ಲ.

ಗೃಹಲಕ್ಷ್ಮಿಯ 2,000 ರೂಪಾಯಿ ಸರ್ಕಾರ ಕೊಡುವುದು. ಮಗ ಕೊಡಬೇಕಾದ್ದು ಬೇರೆ. ನಿಮ್ಮ ದುಡಿಮೆಯಿಂದ, ನಿಮ್ಮ ಆಸ್ತಿಯಿಂದ ಜೀವನ ಸಾಗುತ್ತದಾ ಇಲ್ಲವಾ ಎಂಬುದನ್ನು ಕಾಯ್ದೆ ನೋಡುತ್ತದೆ. 71 ವರ್ಷದವರು 2,000ದಲ್ಲಿ ಮಾತ್ರೆ ತೆಗೆದುಕೊಂಡ ಮೇಲೆ ಉಳಿದ 400ರಲ್ಲಿ ಊಟ ಮಾಡಬೇಕು ಎಂದು ಯಾವ ಅಧಿಕಾರಿಯೂ ಹೇಳಲಾರ.

ಎಷ್ಟು ಕೇಳಬೇಕು ಎಂದು ನೀವು ಬರೆದಿಲ್ಲ. ಈ ಕಾಯ್ದೆಯಲ್ಲಿ ತಿಂಗಳಿಗೆ 10,000ದವರೆಗೆ ಮಾತ್ರ ಕೊಡಿಸಬಹುದು. ಅದಕ್ಕಿಂತ ಜಾಸ್ತಿ ಬೇಕಾದವರು ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಹೋಗಬಹುದು. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ (ಸಿ.ಆರ್.ಪಿ.ಸಿ.) 125ನೇ ಕಲಮು ಎನ್ನುತ್ತಿದ್ದುದು 2024ರ ಜುಲೈಯಿಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 144ನೇ ಕಲಮು ಆಗಿದೆ. ಅಲ್ಲಿ ಮೇಲಿನ ಮಿತಿ ಇಲ್ಲ. ಆದರೆ ಎರಡರಲ್ಲಿ ಒಂದೇ ದಾರಿ ಹಿಡಿಯಬೇಕು. ನಿಮಗೆ ಎ.ಸಿ. ಆಫೀಸೇ ಸರಿ ಎಂದು ನನ್ನ ಅಭಿಪ್ರಾಯ. ಪತ್ರ ರದ್ದಾಗುವ ದಾರಿ ಇರುವುದು ಅಲ್ಲೇ.

ಅರ್ಜಿಯ ಜೊತೆ ಒಂದು ತಿಂಗಳ ಖರ್ಚಿನ ವಹಿ ಇಡಿ. ಮಾತ್ರೆ, ಹಾಲು, ಗ್ಯಾಸು, ಕರೆಂಟು, ಫೋನಿನ ರೀಚಾರ್ಜು, ಕೊಟ್ಟಿಗೆ ಗುಡಿಸಲು ಬರುವವಳ ಸಂಬಳ, ಮಂಗಳಾರತಿ ತಟ್ಟೆಗೆ ಹಾಕಿದ ಹತ್ತು ರೂಪಾಯಿ, ಎಲ್ಲ ಬರೆಯಿರಿ. ಈ ವಹಿಯ ಮಾತು ನಾನು ಪುಸ್ತಕದಿಂದ ಕಲಿತದ್ದಲ್ಲ. ನನ್ನ ಆಯಿ ಕುಮಟಾ ತಾಲೂಕಿನಲ್ಲಿ, ಮಿರ್ಜಾನ ಕಡೆಯ ಊರಲ್ಲಿ ಒಬ್ಬಳೇ ಇದ್ದಳು. ನಾವು ಮೂವರು ಮಕ್ಕಳು. ಮೂವರೂ ದುಡಿಯುವವರು. ಹೋದಾಗಲೆಲ್ಲ ‘ದುಡ್ಡು ಬೇಕಾ ಆಯಿ?’ ಎಂದು ಕೇಳುತ್ತಿದ್ದೆವು. ‘ಬ್ಯಾಡ, ಇದ್ದು’ ಎನ್ನುತ್ತಿದ್ದಳು. ಒಂದು ಮಳೆಗಾಲ ಅವಳು ತಲೆಸುತ್ತಿ ಬಿದ್ದಾಗ ಡಾಕ್ಟರು ಬಿ.ಪಿ. ಮಾತ್ರೆಯ ಹಾಳೆ ನೋಡಿ ಕೇಳಿದರು. ದಿನ ಬಿಟ್ಟು ದಿನ ನುಂಗುತ್ತಿದ್ದಳು. ತಿಂಗಳಿನದು ಎರಡು ತಿಂಗಳಿಗೆ ಬರಲಿ ಎಂದು. ಆಗ ನಾನು ವಕೀಲಿಗೆ ಸೇರಿ ಹನ್ನೊಂದು ವರ್ಷ. ಬೇರೆಯವರ ತಾಯಂದಿರಿಗೆ ಜೀವನಾಂಶ ಕೊಡಿಸುತ್ತಿದ್ದೆ. ಆವತ್ತಿನಿಂದ ನಾವು ಮೂವರೂ ಕೂತು, ಯಾರು ಎಷ್ಟು, ಯಾವ ತಾರೀಖಿಗೆ ಎಂದು ಅವಳ ವಹಿಯಲ್ಲೇ ಬರೆದು ಸಹಿ ಮಾಡಿದೆವು. ಅವಳು ಇರುವವರೆಗೂ ಒಂದು ತಿಂಗಳೂ ತಪ್ಪಲಿಲ್ಲ. ಅದಕ್ಕಿಂತ ಮುಂಚಿನ ವರ್ಷಗಳ ನೋವು ಮಾತ್ರ ನನ್ನಲ್ಲಿ ಇನ್ನೂ ಹಾಗೇ ಇದೆ.

ಊರವರ ಮಾತು ಬಂದೇ ಬರುತ್ತದೆ, ಆಯಿ. ಇಲ್ಲ ಎಂದು ನಾನು ಸುಳ್ಳು ಹೇಳುವುದಿಲ್ಲ. ಮದುವೆ ಮನೆಯಲ್ಲಿ ಪಂಕ್ತಿಯಲ್ಲಿ ಕೂತಾಗ ಯಾರೋ ಕಿವಿಯಲ್ಲಿ ಪಿಸುಗುಡುತ್ತಾರೆ. ಆದರೆ ನೀವು ಮಗನ ಮೇಲೆ ಸಿಟ್ಟಿನಿಂದ ಹೋಗುತ್ತಿಲ್ಲ. ಅವನೇ ಒಪ್ಪಿ ಸಹಿ ಮಾಡಿದ ಮಾತನ್ನು ನೆನಪಿಸಲು ಹೋಗುತ್ತಿದ್ದೀರಿ. ಆ ಮೂರನೇ ಪುಟವನ್ನು ಮಗಳ ಹತ್ತಿರ ಗಟ್ಟಿಯಾಗಿ ಓದಿಸಿ ಕೇಳಿ. ಈ ಸಲ ಕನ್ನಡಕ ಹಾಕಿಕೊಂಡು ನೀವೂ ಓದಿ.

ಇನ್ನೂ ಬರೆದುಕೊಡದೇ ಇರುವ ಓದುಗರಿಗೆ ಇಲ್ಲೇ ಒಂದು ಮಾತು. ಮಕ್ಕಳಿಗೇ ಹೋಗಬೇಕು ಎಂದಿದ್ದರೆ ಮೃತ್ಯುಪತ್ರ ಬರೆಯಿರಿ. ಅದು ನೀವು ಹೋದಮೇಲೆ ಜಾರಿಗೆ ಬರುವುದು. ಇರುವವರೆಗೆ ಎಷ್ಟು ಸಲ ಬೇಕಾದರೂ ಬದಲಿಸಬಹುದು. ಬಕ್ಷೀಸು ಪತ್ರವೇ ಬೇಕು ಎಂದಾದರೆ ನೋಡಿಕೊಳ್ಳುವ ಷರತ್ತನ್ನೂ, ಸಾಯುವವರೆಗೆ ಆ ಮನೆಯಲ್ಲಿ ಇರುವ ಹಕ್ಕನ್ನೂ ಬಿಡಿಸಿ ಬರೆಸಿ. ಬಾಯಿಮಾತಿಗೆ ಬಿಡಬೇಡಿ.

ಕಾರವಾರದಿಂದ ಒಬ್ಬರು ಮಗಳು: ‘ಅಕ್ಕಾ, ಅಪ್ಪನಿಗೆ 74 ವರ್ಷ. ರಂಪಣಿ ಬಲೆ ಎಳೆಯುವ ಕಾಲದಿಂದ ಮೀನುಗಾರಿಕೆ ಮಾಡಿದವರು. ಈಗ ಕಣ್ಣು ಸರಿ ಇಲ್ಲ. ದೊಡ್ಡಣ್ಣ ಬೈತಖೋಲದಲ್ಲಿ ಬೋಟಿಗೆ ಹೋಗುತ್ತಾನೆ, ಇನ್ನೊಬ್ಬ ಅಣ್ಣ ಗೋವಾದಲ್ಲಿ ಕಂಪನಿಯಲ್ಲಿದ್ದಾನೆ. ನಾನು ಬಟ್ಟೆ ಅಂಗಡಿಯಲ್ಲಿ ಕೆಲಸ ಮಾಡುತ್ತೇನೆ, 9,000 ಸಂಬಳ. ಅಪ್ಪ ಇರುವುದು ದೊಡ್ಡಣ್ಣನ ಮನೆಯಲ್ಲಿ. ನೀನೂ ಕೊಡಬೇಕು ಎಂದು ಅವನು ಹೇಳುತ್ತಾನೆ. ಮದುವೆಯಾದ ಮಗಳಿಗೆ ಇದೆಲ್ಲ ಇಲ್ಲ ಎಂದು ನನ್ನ ಅತ್ತೆ ಹೇಳುತ್ತಾರೆ. ಯಾರ ಮಾತು ಸರಿ?’

ನಿಮ್ಮ ಅಣ್ಣನ ಮಾತು ಸರಿ, ತಂಗಿ. ಮಗಳು, ಮದುವೆಯಾದ ಮಗಳು ಕೂಡ, ಅಪ್ಪ ಅಮ್ಮನನ್ನು ನೋಡಿಕೊಳ್ಳಬೇಕು ಎಂದು ಸುಪ್ರೀಂ ಕೋರ್ಟು 1987ರಲ್ಲೇ ಹೇಳಿತ್ತು. 2007ರ ಕಾಯ್ದೆಯಲ್ಲಂತೂ ಮಕ್ಕಳು ಎಂದರೆ ಮಗ, ಮಗಳು, ಮೊಮ್ಮಗ, ಮೊಮ್ಮಗಳು ಎಂದು ಬಿಡಿಸಿಯೇ ಬರೆದಿದೆ. ಪ್ರಾಯಕ್ಕೆ ಬಂದಿರಬೇಕು, ಅಷ್ಟೇ. ಅಳಿಯ ಮತ್ತು ಸೊಸೆ ಆ ಪಟ್ಟಿಯಲ್ಲಿ ಇಲ್ಲ. ಹಾಗಾಗಿ ನಿಮ್ಮ ಗಂಡ ಕೊಡಬೇಕು ಎಂದು ಯಾರೂ ಹೇಳುವ ಹಾಗಿಲ್ಲ. ಇದನ್ನು ನಿಮ್ಮ ಅತ್ತೆಗೆ ಸಮಾಧಾನದಿಂದ ಹೇಳಿ. ಅವರ ಭಯ ಬಹುಶಃ ಅದೇ ಇದ್ದೀತು.

ಸಮಪಾಲು ಎಂದು ಎಲ್ಲೂ ಬರೆದಿಲ್ಲ. 9,000 ದುಡಿಯುವ ನಿಮ್ಮನ್ನೂ ಗೋವಾದ ಅಣ್ಣನನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು. ಗೋವಾದಲ್ಲಿದ್ದೇನೆ ಎಂದು ಅವರು ತಪ್ಪಿಸಿಕೊಳ್ಳಲೂ ಆಗುವುದಿಲ್ಲ. ಅಪ್ಪ ಒಬ್ಬರ ಮೇಲೆ ಅರ್ಜಿ ಹಾಕಿದರೂ, ಉಳಿದ ಮಕ್ಕಳನ್ನೂ ಸೇರಿಸಿ ಎಂದು ಆ ಒಬ್ಬರು ಕೇಳಬಹುದು. ಆದರೆ ನಿಮ್ಮ ಮನೆಯ ವಿಷಯಕ್ಕೆ ಅರ್ಜಿ, ನೋಟಿಸು ಬೇಕು ಅಂತ ನನಗೆ ಅನ್ನಿಸುವುದಿಲ್ಲ. ಬೋಟಿಗೆ ಹೋಗುವ ಅಣ್ಣನೇ ಅಪ್ಪನನ್ನು ಮನೆಯಲ್ಲಿ ಇಟ್ಟುಕೊಂಡಿದ್ದಾರೆ. ಊಟ, ಸ್ನಾನ, ರಾತ್ರಿ ಎಬ್ಬಿಸಿ ಕೈಹಿಡಿದು ಕರೆದುಕೊಂಡು ಹೋಗುವುದು, ಇದೆಲ್ಲ ಅವರ ಮನೆಯ ಹೆಂಗಸರ ಮೇಲೆ ಬಿದ್ದಿರುತ್ತದೆ. ಅದಕ್ಕೆ ಬೆಲೆ ಕಟ್ಟಿ ಮಾತಿಗೆ ಕೂರಿ. ಜೂನ್ 1ರಿಂದ ಜುಲೈ 31ರವರೆಗೆ ಬೋಟು ಕಡಲಿಗೆ ಇಳಿಯುವ ಹಾಗಿಲ್ಲ. ಆ ಎರಡು ತಿಂಗಳು ಅವರ ಕೈಯಲ್ಲಿ ದುಡ್ಡೇ ಇರುವುದಿಲ್ಲ. ಆಗ ಅಪ್ಪನ ಔಷಧಿ, ಕಣ್ಣಿನ ಆಸ್ಪತ್ರೆಯ ಖರ್ಚು ನೀವು ಮತ್ತು ಗೋವಾದ ಅಣ್ಣ ನೋಡಿಕೊಂಡರೆ ಎಷ್ಟೋ ಹಗುರಾಗುತ್ತದೆ. ಅಪ್ಪನಿಗೆ ಸಂಧ್ಯಾ ಸುರಕ್ಷಾ ಪಿಂಚಣಿ ಆಗಿದೆಯಾ ನೋಡಿ. 65 ದಾಟಿದ ಬಡ ಮೀನುಗಾರರು ಅದಕ್ಕೆ ಅರ್ಜಿ ಹಾಕಬಹುದು. ಅದು ಬಂದರೂ ನಿಮ್ಮ ಮೂವರ ಹೊಣೆ ಹಾಗೇ ಇರುತ್ತದೆ.

ಭಟ್ಕಳದಿಂದ ಒಬ್ಬರು ತಂದೆ: ‘ಮಗ ದುಬೈಯಲ್ಲಿದ್ದಾನೆ. ನಾಲ್ಕು ವರ್ಷದಿಂದ ಫೋನೂ ಇಲ್ಲ, ದುಡ್ಡೂ ಇಲ್ಲ. ನಾವು ಮುಸ್ಲಿಮರು. ಈ ಕಾನೂನು ನಮಗೂ ಇದೆಯೇ?’

ಇದೆ. ಈ ಕಾಯ್ದೆಗೆ ಜಾತಿ, ಧರ್ಮದ ಭೇದ ಇಲ್ಲ. ಹೊರದೇಶದಲ್ಲಿ ಇರುವ ಭಾರತದ ಪ್ರಜೆಗಳಿಗೂ ಅನ್ವಯಿಸುತ್ತದೆ ಎಂದು ಮೊದಲನೇ ಕಲಮಿನಲ್ಲೇ ಹೇಳಿದೆ. ನೀವು ಭಟ್ಕಳದ ಎ.ಸಿ. ಆಫೀಸಿನಲ್ಲೇ ಅರ್ಜಿ ಕೊಡಿ. ಮಗನ ಪಾಸ್‌ಪೋರ್ಟಿನ ಪ್ರತಿ, ಅಲ್ಲಿನ ವಿಳಾಸ, ಕೆಲಸದ ಜಾಗ ಗೊತ್ತಿದ್ದಷ್ಟು ಕೊಡಿ. ಹೊರದೇಶಕ್ಕೆ ನೋಟಿಸು ತಲುಪಲು ಹೊತ್ತು ಹಿಡಿಯುತ್ತದೆ, ಅದಕ್ಕೆ ಮನಸ್ಸು ಗಟ್ಟಿ ಮಾಡಿಕೊಳ್ಳಿ. ಅದಕ್ಕೂ ಮುಂಚೆ ದುಬೈಯಲ್ಲಿರುವ ನಿಮ್ಮ ಊರವರ ಮೂಲಕ ಅವನು ಹೇಗಿದ್ದಾನೆ ಎಂದು ವಿಚಾರಿಸಿ. ನಾಲ್ಕು ವರ್ಷ ಫೋನೇ ಇಲ್ಲ ಎಂದರೆ ಅವನಿಗೇ ಏನೋ ಕಷ್ಟ ಬಂದಿರಲೂಬಹುದು.

ಯಲ್ಲಾಪುರ ತಾಲೂಕಿನಿಂದ ಒಬ್ಬರು ಹಿರಿಯರು: ‘ನನಗೆ ಮಕ್ಕಳಿಲ್ಲ. ಯಜಮಾನರೂ ಇಲ್ಲ. ನನ್ನ ಗದ್ದೆ, ತೋಟ ಎಲ್ಲ ಯಜಮಾನರ ತಮ್ಮನ ಮಗ ಮಾಡಿಕೊಂಡು ತಿನ್ನುತ್ತಿದ್ದಾನೆ. ಊಟಕ್ಕೆ ಅಕ್ಕಿ ಕೊಡುತ್ತಾನೆ, ಬೇರೆ ಏನೂ ಇಲ್ಲ.’

ಮಕ್ಕಳಿಗೆ ಆಸ್ತಿಯ ಪ್ರಶ್ನೆ ಇಲ್ಲ ಎಂದು ಮೇಲೆ ಹೇಳಿದೆ. ಸಂಬಂಧಿಕರ ವಿಷಯದಲ್ಲಿ ಮಾತ್ರ ಆಸ್ತಿ ಮುಖ್ಯ. ಮಕ್ಕಳಿಲ್ಲದ, 60 ದಾಟಿದವರ ಆಸ್ತಿ ಯಾರ ಕೈಯಲ್ಲಿದೆಯೋ, ಅಥವಾ ಮುಂದೆ ಯಾರಿಗೆ ಬರುತ್ತದೋ ಆ ವಾರಸುದಾರರು ಅವರನ್ನು ನೋಡಿಕೊಳ್ಳಬೇಕು. ಅವರಿಗೆ ಶಕ್ತಿಯೂ ಇರಬೇಕು. ನಿಮ್ಮ ವಿಷಯದಲ್ಲಿ ತೋಟ ಅವನ ಕೈಯಲ್ಲೇ ಇದೆ. ಬರೀ ಅಕ್ಕಿ ಕೊಟ್ಟರೆ ಪೋಷಣೆ ಆಗುವುದಿಲ್ಲ. ಊಟ, ಬಟ್ಟೆ, ಇರಲು ಮನೆ, ಔಷಧಿ ಎಲ್ಲವನ್ನೂ ಕಾಯ್ದೆ ಸೇರಿಸಿದೆ. ಪಹಣಿ ತೆಗೆಸಿ ನೋಡಿ, ನಿಮ್ಮ ಹೆಸರು ಇನ್ನೂ ಇದೆಯಾ ಎಂದು. ಇದ್ದರೆ ಯಾವ ಕಾಗದಕ್ಕೂ ಸಹಿ ಹಾಕಬೇಡಿ. ಶಿರಸಿ ಎ.ಸಿ. ಆಫೀಸೇ ನಿಮಗೂ.

ಅಂಕೋಲಾದಿಂದ ಒಬ್ಬ ಮಗ: ‘ಮೇಡಂ, ನಾನು ಆರು ವರ್ಷದವನಿದ್ದಾಗ ಅಪ್ಪ ಮನೆ ಬಿಟ್ಟು ಹೋದ. ಅಮ್ಮ ಶೇಂಗಾ ಗದ್ದೆಯ ಕೂಲಿಗೆ ಹೋಗಿ ನನ್ನನ್ನು ಐ.ಟಿ.ಐ. ಓದಿಸಿದಳು. ಈಗ ಗ್ಯಾರೇಜಿನಲ್ಲಿ 15,000 ಸಂಬಳ. ಅಮ್ಮ ನನ್ನ ಜೊತೆಗೇ ಇದ್ದಾಳೆ. ಹೋದ ವಾರ ನೋಟಿಸು ಬಂತು. ಅಪ್ಪನಿಗೆ 66 ವರ್ಷವಂತೆ, ತಿಂಗಳಿಗೆ 8,000 ಕೇಳಿದ್ದಾನೆ. ಹರಿದು ಹಾಕಬೇಕು ಅನ್ನಿಸಿತು. ಅಮ್ಮ ತಡೆದಳು. ನಾನು ಕೊಡಬೇಕಾ?’

ನಿಮ್ಮ ಪತ್ರ ಓದಿ ಎರಡು ದಿನ ಉತ್ತರ ಬರೆಯಲು ಆಗಲಿಲ್ಲ. ಮೇಲಿನ ಪತ್ರಗಳಲ್ಲಿ ನಾನು ಹಿರಿಯರ ಪರ ಮಾತಾಡಿದ್ದೇನೆ. ನಿಮ್ಮ ಮುಂದೆ ಅದೇ ಮಾತು ಅಷ್ಟು ಸುಲಭಕ್ಕೆ ಬರುವುದಿಲ್ಲ.

ಇದ್ದದ್ದನ್ನು ಇದ್ದ ಹಾಗೆ ಹೇಳುತ್ತೇನೆ. ಬಿಟ್ಟುಹೋದ ಅಪ್ಪನಿಗೆ ಮಕ್ಕಳು ಕೊಡಬೇಕಿಲ್ಲ ಎಂಬ ಸಾಲು 2007ರ ಕಾಯ್ದೆಯಲ್ಲಿ ಇಲ್ಲ. ಹಡೆದ ಅಪ್ಪ ಅಪ್ಪನೇ. ನನಗೆ ಕೇಳಿದರೆ ಅಂಥದೊಂದು ಸಾಲು ಇರಬೇಕಿತ್ತು. ಮಗುವಿನ ಹಾಲಿಗೆ, ಶಾಲೆಗೆ ಒಂದು ದಿನವೂ ಕೊಡದವರು ಕೇಳುವಾಗ, ಕೇಳಿಸಿಕೊಳ್ಳುವ ಅಧಿಕಾರಿಗೆ ಆ ಮಾತನ್ನೂ ತೂಗಲು ಕಾನೂನೇ ಬಾಯಿಬಿಟ್ಟು ಹೇಳಬೇಕಿತ್ತು. ಇಲ್ಲದ್ದನ್ನು ಇದೆ ಎಂದು ನಿಮಗೆ ಹೇಳಲು ನನಗೆ ಬಾಯಿ ಬರುವುದಿಲ್ಲ.

ಆದರೆ ಕೇಳಿದ್ದೆಲ್ಲ ಕೊಡಿಸುತ್ತಾರೆ ಎಂದಲ್ಲ. ಎ.ಸಿ. ವಿಚಾರಣೆ ಮಾಡಿಯೇ ಆದೇಶ ಮಾಡಬೇಕು. ಅಪ್ಪನಿಗೆ ಬೇರೆ ಆದಾಯ ಇದೆಯಾ, ಆಸ್ತಿ ಇದೆಯಾ, ಬೇರೆ ಕಡೆ ಸಂಸಾರ, ಬೇರೆ ಮಕ್ಕಳು ಇದ್ದಾರಾ, ಇದೆಲ್ಲ ನೀವು ಕೇಳಬಹುದು. ಇದ್ದರೆ ಆ ಮಕ್ಕಳನ್ನೂ ಸೇರಿಸಿ ಎಂದು ಅರ್ಜಿ ಕೊಡಿ. ನಿಮ್ಮ ಸಂಬಳದ ಚೀಟಿ, ಮನೆ ಬಾಡಿಗೆ, ಸಾಲ ಇದ್ದರೆ ಅದರ ಕಂತು, ಎಲ್ಲ ತೆಗೆದುಕೊಂಡು ಹೋಗಿ. ಮುಖ್ಯವಾದ ಮಾತು ಇನ್ನೊಂದಿದೆ. ನಿಮ್ಮ ಅಮ್ಮನೂ ಇದೇ ಕಾಯ್ದೆಯಲ್ಲಿ ಒಬ್ಬ ತಾಯಿ. ತಾಯಿಗೆ 60 ತುಂಬಿರಬೇಕು ಎಂದೂ ಇಲ್ಲ. 15,000ದಲ್ಲಿ ನೀವು ಈಗಾಗಲೇ ಒಬ್ಬರನ್ನು ಸಾಕುತ್ತಿದ್ದೀರಿ ಎಂಬುದು ಲಿಖಿತವಾಗಿ ಅಧಿಕಾರಿಯ ಮುಂದೆ ಬರಬೇಕು. ಬಾಯಲ್ಲಿ ಹೇಳಿದರೆ ಸಾಲದು. ಆ ಮೇಲೂ ಆದೇಶವಾದರೆ, ಮುಂದೆ ನಿಮ್ಮ ಸ್ಥಿತಿ ಬದಲಾದಾಗ ಮೊತ್ತ ಬದಲಿಸಿ ಎಂದು ಕೇಳಲು ದಾರಿ ಇದೆ.

ನೋಟಿಸು ಹರಿಯಲಿಲ್ಲವಲ್ಲ, ಒಳ್ಳೆಯದಾಯಿತು. ಹೋಗದೇ ಇದ್ದರೆ ನೀವಿಲ್ಲದೆಯೇ ಆದೇಶ ಮಾಡಿಬಿಡಬಹುದು. ಆಗ 8,000 ಎಂದು ಅವರು ಹೇಳಿದ್ದೇ ಉಳಿದೀತು.

ಕೆಲವು ವರ್ಷದ ಹಿಂದೆ ನಿಮ್ಮಂಥದೇ ಒಬ್ಬ ಹುಡುಗನ ಜೊತೆ ನಾನು ಹೋಗಿದ್ದೆ. ಹದಿನೇಳು ವರ್ಷದ ಮೇಲೆ ಅಪ್ಪನ ಮುಖ ನೋಡುತ್ತಿದ್ದ. ಅಪ್ಪ ತೀರಾ ಸಣಕಲಾಗಿದ್ದರು, ಕಾಲು ಊದಿತ್ತು. ಹುಡುಗ ಅವರ ಹತ್ತಿರ ಒಂದು ಮಾತೂ ಆಡಲಿಲ್ಲ. ಅಧಿಕಾರಿ ಕೇಳಿದಾಗ ‘ತಿಂಗಳಿಗೆ 1,500 ಕೊಡ್ತೆ. ಮನೆಗೆ ಬರೂದು ಬೇಡ’ ಎಂದ. ಅಷ್ಟಕ್ಕೇ ರಾಜಿಯಾಯಿತು. ಹೊರಗೆ ಬಂದು ಆ ಹುಡುಗ ಮೆಟ್ಟಿಲ ಮೇಲೆ ಕೂತು ಬಹಳ ಹೊತ್ತು ಅತ್ತ. ಅವನು ಸೋತ ಎಂದು ನನಗೆ ಅನ್ನಿಸಲಿಲ್ಲ. ನೀವೂ ಹಾಗೇ ಮಾಡಿ ಎಂದು ಹೇಳುತ್ತಿಲ್ಲ. ಕ್ಷಮಿಸಬೇಕಾ ಬೇಡವಾ ಎಂಬುದು ನಿಮಗೆ ಬಿಟ್ಟದ್ದು, ಅದನ್ನು ಯಾವ ನ್ಯಾಯಮಂಡಳಿಯೂ ಕೇಳುವುದಿಲ್ಲ.

ಅಮ್ಮ ಬರಲು ಒಪ್ಪಿದರೆ ಕರೆದುಕೊಂಡು ಹೋಗಿ. ಆ ವರ್ಷಗಳಲ್ಲಿ ಮನೆ ಹೇಗೆ ನಡೆಯಿತು ಎಂದು ಅವರೇ ಹೇಳಲಿ. ಅವರ ಔಷಧಿ ಚೀಟಿಗಳೂ ಜೊತೆಗಿರಲಿ. ನೋಟಿಸಿನಲ್ಲಿ ಇರುವ ತಾರೀಖನ್ನು ನೀವು ಪತ್ರದಲ್ಲಿ ಬರೆದಿಲ್ಲ. ಈ ಸಂಚಿಕೆ ಕೈಗೆ ಬರುವ ಹೊತ್ತಿಗೆ ಅದು ಹತ್ತಿರ ಬಂದಿದ್ದರೆ ಪತ್ರಿಕೆಯ ಕಚೇರಿಗೆ ಫೋನು ಮಾಡಿ. ನನ್ನ ನಂಬರು ಕೊಡಲು ಅವರಿಗೆ ಹೇಳಿಟ್ಟಿದ್ದೇನೆ.